ಚರಿತ್ರೆಯನ್ನು ಜನರ ಬಳಿಗೆ ತಂದವರು



ನಾನು ಹುಟ್ಟಿ ಬೆಳೆದದ್ದು ಕಂಪ್ಲಿಗೆ ಸಮೀಪದ ಎಮ್ಮಿಗನೂರಿನಲ್ಲಿ. ಚರಿತ್ರೆ ಎಂಬ ಶಬ್ದವನ್ನು ಶಾಲೆಯಲ್ಲಿ ಕಲಿಯುವುದಕ್ಕೆ ಮೊದಲೇ ನಮಗೆ ಕುಮಾರರಾಮನ ಪರಿಚಯವಿತ್ತು. ಸುಗ್ಗಿ ಮುಗಿದ ಮೇಲೆ ಬುರ್ರಕಥೆಯವರು ಊರಿಗೆ ಬರುತ್ತಿದ್ದರು. ತಂಬೂರಿಯ ಶ್ರುತಿಗೆ ಸರಿಯಾಗಿ ಕಂಪಿಲರಾಯನ ಒಡ್ಡೋಲಗ ನಮ್ಮ ಕಣ್ಣೆದುರು ನೆರೆಯುತ್ತಿತ್ತು. ಬೆಳಗಿನ ಜಾವದ ಹೊತ್ತಿಗೆ ರಾಮನ ತಲೆ ದಿಲ್ಲಿಗೆ ಹೋಗುತ್ತಿತ್ತು. ನನ್ನ ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದಳು. ಆಕೆಗೆ ಅದು ಆರುನೂರು ವರ್ಷಗಳ ಹಿಂದಿನ ಸಂಗತಿಯಾಗಿರಲಿಲ್ಲ. ನೆರೆಮನೆಯಲ್ಲಿ ನಿನ್ನೆ ನಡೆದ ದುಃಖವಾಗಿತ್ತು. ಇದೇ ಪರಂಪರೆಯಲ್ಲಿ ನಾಡಿಗೆಲ್ಲ ಹೆಸರಾದವರು ೨೦೧೪ರಲ್ಲಿ ನಮ್ಮನ್ನಗಲಿದ ದರೋಜಿ ಈರಮ್ಮನವರು. ಓದು ಬರಹ ಬಾರದಿದ್ದ ಆ ತಾಯಿ ಹಲವು ಮಹಾಕಥನಗಳನ್ನು ನಾಲಗೆಯ ಮೇಲೆ ಇಟ್ಟುಕೊಂಡಿದ್ದರು.

ಚರಿತ್ರೆಯನ್ನು ಪಂಡಿತರ ಕೊಠಡಿಯಿಂದ ಜನರ ಬಳಿಗೆ ತರುವುದು ಹೇಗೆ, ತರುವಾಗ ಏನು ಉಳಿಯುತ್ತದೆ, ಏನು ಸೋರಿಹೋಗುತ್ತದೆ ಎಂಬುದು ನಾನು ಈ ದಿನ ತಮ್ಮೊಡನೆ ಹಂಚಿಕೊಳ್ಳಬೇಕೆಂದಿರುವ ವಿಷಯ. ನಾನು ಕನ್ನಡದ ಅಧ್ಯಾಪಕನಾಗಿದ್ದವನು, ಇತಿಹಾಸಕಾರನಲ್ಲ. ಆದರೂ ಈ ಪ್ರಶ್ನೆ ನನ್ನನ್ನು ಬಹುಕಾಲ ಕಾಡಿದೆ. ಅದಕ್ಕೆ ಕಾರಣವಾದ ಒಂದು ಪ್ರಸಂಗವನ್ನು ಮೊದಲು ನಿವೇದಿಸಿಕೊಳ್ಳುತ್ತೇನೆ.

೧೯೮೬ರಲ್ಲಿ ಹಂಪೆಯ ಸ್ಮಾರಕಗಳು ವಿಶ್ವಪರಂಪರೆಯ ಪಟ್ಟಿಗೆ ಸೇರಿದವು. ನಾನಾಗ ಆಗತಾನೆ ಕೆಲಸಕ್ಕೆ ಸೇರಿದ್ದ ಹುಡುಗ. ಊರಿನ ಹಿರಿಯರು ಕರೆದು, ವಿಜಯನಗರದ ಬಗ್ಗೆ ನಾಲ್ಕು ಮಾತು ಹೇಳೆಂದರು. ನಾನು ಒಂದೂವರೆ ಗಂಟೆ ಮಾತಾಡಿದೆ. ಬಳ್ಳದಲ್ಲಿ ಮುತ್ತು ರತ್ನ ಅಳೆದದ್ದನ್ನು ಹೇಳಿದೆ. ಮಹಾನವಮಿಯ ಆನೆ ಕುದುರೆಗಳ ಮೆರವಣಿಗೆಯನ್ನು ವರ್ಣಿಸಿದೆ. ಕೃಷ್ಣದೇವರಾಯನ ದಿಗ್ವಿಜಯಗಳನ್ನು ಒಂದೊಂದಾಗಿ ಎಣಿಸಿದೆ. ಕೊನೆಗೆ ೧೫೬೫ರ ಯುದ್ಧವನ್ನೂ ನಗರದ ನಾಶವನ್ನೂ ಹೇಳಿ ಜನರ ಕಣ್ಣಲ್ಲಿ ನೀರು ತರಿಸಿದೆ. ಚಪ್ಪಾಳೆಗೆ ಕೊರತೆಯಿರಲಿಲ್ಲ. ಎಲ್ಲರೂ ಎದ್ದುಹೋದ ಮೇಲೆ ಒಬ್ಬ ಹಿರಿಯರು ಹತ್ತಿರ ಬಂದರು. ಕಂಪ್ಲಿ ಕಾಲುವೆಯ ಮೇಲೆ ನೀರಗಂಟಿಯಾಗಿ ದುಡಿದು ಹಣ್ಣಾದವರು.

“ಭಾಳ ಚೆಂದ ಹೇಳಿದಿ ತಮ್ಮಾ. ಮುತ್ತು ಮಾರಿದ್ದು ಹೇಳಿದಿ, ಆನಿ ಕುದುರಿ ಹೇಳಿದಿ. ಈ ಕಾಲುವಿ ತೋಡಿದೋರು ಯಾರು ಅಂತ ಹೇಳಲಿಲ್ಲಲ್ಲ?” ಎಂದರು.

ನನ್ನ ಬಳಿ ಉತ್ತರವಿರಲಿಲ್ಲ. “ರಾಯರ ಕಾಲದಲ್ಲಿ ಆಗಿದ್ದು ಕಾಕಾ” ಎಂದೆ. ಅವರು ನಕ್ಕು, “ರಾಯರು ಸಲಿಕಿ ಹಿಡಿದಿರಲಿಕ್ಕಿಲ್ಲ ಬಿಡು” ಎಂದು ಹೊರಟುಹೋದರು. ಆ ಮಾತು ಈ ಹೊತ್ತಿಗೂ ನನ್ನ ಕಿವಿಯಲ್ಲಿದೆ.

ನನ್ನ ಅಂದಿನ ಭಾಷಣದ ಬಹುಪಾಲು ಸಾಮಗ್ರಿ ಒಂದೇ ಪುಸ್ತಕದಿಂದ ಬಂದದ್ದು. ಅದು ರಾಬರ್ಟ್ ಸೀವೆಲ್ ೧೯೦೦ರಲ್ಲಿ ಲಂಡನ್ನಿನಲ್ಲಿ ಪ್ರಕಟಿಸಿದ ‘ಎ ಫರ್‌ಗಾಟನ್ ಎಂಪೈರ್’, ಅಂದರೆ ‘ಮರೆತುಹೋದ ಸಾಮ್ರಾಜ್ಯ’. ಸೀವೆಲ್ ಮದರಾಸು ಆಧಿಪತ್ಯದ ಸಿವಿಲ್ ಸೇವೆಯಲ್ಲಿದ್ದವರು, ನಮ್ಮ ಬಳ್ಳಾರಿ ಜಿಲ್ಲೆಯ ಕಲೆಕ್ಟರರಾಗಿಯೂ ಇದ್ದವರು. ದಕ್ಷಿಣದ ಶಾಸನಗಳ ಪಟ್ಟಿ ಮಾಡಿದವರು. ಶಂಕರ ಬಾಲಕೃಷ್ಣ ದೀಕ್ಷಿತರೊಡನೆ ಸೇರಿ ಭಾರತೀಯ ಪಂಚಾಂಗವನ್ನು ಕುರಿತು ೧೮೯೬ರಲ್ಲಿ ಪ್ರೌಢ ಗ್ರಂಥವನ್ನು ಹೊರತಂದವರು. ಆದರೆ ‘ಮರೆತುಹೋದ ಸಾಮ್ರಾಜ್ಯ’ವನ್ನು ಅವರು ಪಂಡಿತರಿಗಷ್ಟೇ ಬರೆಯಲಿಲ್ಲ. ಮೊದಲ ಪುಟದಲ್ಲಿಯೇ ೧೩೩೬ನೆಯ ಇಸವಿಯನ್ನು ಹೇಳುವಾಗ, ಆಗ ಇಂಗ್ಲೆಂಡಿನಲ್ಲಿ ಮೂರನೆಯ ಎಡ್ವರ್ಡ್ ಆಳುತ್ತಿದ್ದನೆಂದು ಓದುಗನಿಗೆ ನೆನಪು ಮಾಡಿಕೊಡುತ್ತಾರೆ. ವಿಜಯನಗರದ ವಿಸ್ತಾರವನ್ನು ಅಂದಿನ ಆಸ್ಟ್ರಿಯಾ ದೇಶಕ್ಕೆ ಹೋಲಿಸಿ ತೋರಿಸುತ್ತಾರೆ. ಗೊತ್ತಿರುವುದರ ಕೈಹಿಡಿಸಿ ಗೊತ್ತಿಲ್ಲದುದರ ಬಳಿಗೆ ಕರೆದೊಯ್ಯುವ ಈ ಕ್ರಮ ಒಳ್ಳೆಯ ಅಧ್ಯಾಪಕನದು.

ಆ ಗ್ರಂಥದ ನಿಜವಾದ ನಿಧಿಯಿರುವುದು ಅದರ ಉತ್ತರಾರ್ಧದಲ್ಲಿ. ೧೫೨೦ರ ಸುಮಾರಿಗೆ ವಿಜಯನಗರವನ್ನು ಕಂಡ ದೊಮಿಂಗೊ ಪಾಯೆಸ್, ೧೫೩೫ರ ಆಸುಪಾಸಿನಲ್ಲಿ ಇಲ್ಲಿದ್ದ ಕುದುರೆ ವ್ಯಾಪಾರಿ ಫೆರ್ನಾವೊ ನೂನಿಜ್, ಈ ಇಬ್ಬರು ಪೋರ್ಚುಗೀಸರ ಬರಹಗಳು ಪ್ಯಾರಿಸ್ಸಿನ ರಾಷ್ಟ್ರೀಯ ಗ್ರಂಥಾಲಯದಲ್ಲಿ ಹಸ್ತಪ್ರತಿಯಾಗಿ ಮಲಗಿದ್ದವು. ವಾಸ್ಕೊ ಡ ಗಾಮಾ ಭಾರತಕ್ಕೆ ಬಂದ ನಾಲ್ಕುನೂರನೆಯ ವರ್ಷದ ಸ್ಮರಣೆಗೆಂದು ದಾವಿದ್ ಲೋಪೆಸ್ ಎಂಬ ವಿದ್ವಾಂಸರು ೧೮೯೭ರಲ್ಲಿ ಲಿಸ್ಬನ್ನಿನಲ್ಲಿ ಅವನ್ನು ಅಚ್ಚು ಹಾಕಿಸಿದರು. ಮೂರೇ ವರ್ಷಗಳಲ್ಲಿ ಸೀವೆಲ್ ಅವೆರಡನ್ನೂ ಇಂಗ್ಲಿಷಿಗೆ ತಿರುಗಿಸಿ ತಮ್ಮ ಗ್ರಂಥದ ಹಿಂದೆ ಜೋಡಿಸಿಕೊಟ್ಟರು.

ಇಲ್ಲಿ ನಾನು ತಮ್ಮನ್ನು ಸ್ವಲ್ಪ ದೂರ, ರಷ್ಯಾ ದೇಶಕ್ಕೆ ಕರೆದೊಯ್ಯಬೇಕಾಗಿದೆ. ಸೀವೆಲ್ಲರಿಗಿಂತ ಸುಮಾರು ಎಂಬತ್ತು ವರ್ಷ ಮೊದಲು ಇಂಥದೇ ಕಾರ್ಯವನ್ನು ಅಲ್ಲಿ ಒಬ್ಬರು ಮಾಡಿದ್ದರು. ಅವರು ೧೭೬೬ರಲ್ಲಿ ಹುಟ್ಟಿದ ನಿಕೊಲಾಯ್ ಕರಮ್‌ಜಿನ್. ಅವರು ಮೊದಲಿಗೆ ಕಥೆಗಾರರು, ಪತ್ರಿಕಾ ಸಂಪಾದಕರು. ಕಾಳಿದಾಸನ ಶಾಕುಂತಲದ ಕೆಲವು ದೃಶ್ಯಗಳನ್ನು ಜರ್ಮನ್ ಅನುವಾದದ ಮೂಲಕ ರಷ್ಯನ್ನಿಗೆ ತಂದು ೧೭೯೨ರಲ್ಲಿ ತಮ್ಮ ಪತ್ರಿಕೆಯಲ್ಲಿ ಪ್ರಕಟಿಸಿದವರು. ೧೮೦೩ರಲ್ಲಿ ಚಕ್ರವರ್ತಿ ಒಂದನೆಯ ಅಲೆಕ್ಸಾಂಡರ್ ಅವರನ್ನು ಆಸ್ಥಾನದ ಇತಿಹಾಸಕಾರರನ್ನಾಗಿ ನೇಮಿಸಿದನು. ಅಲ್ಲಿಂದ ಬದುಕಿನ ಕೊನೆಯವರೆಗೆ ಅವರು ‘ರಷ್ಯನ್ ರಾಜ್ಯದ ಇತಿಹಾಸ’ ಎಂಬ ಒಂದೇ ಕೃತಿಗೆ ತಮ್ಮನ್ನು ತೆತ್ತುಕೊಂಡರು. ೧೮೧೨ರ ಮಾಸ್ಕೊ ಬೆಂಕಿಯಲ್ಲಿ ಅವರ ಗ್ರಂಥಭಂಡಾರವೇ ಸುಟ್ಟುಹೋಯಿತು. ಆದರೂ ಕೆಲಸ ನಿಲ್ಲಲಿಲ್ಲ.

೧೮೧೮ರಲ್ಲಿ ಮೊದಲ ಎಂಟು ಸಂಪುಟಗಳು ಮಾರಾಟಕ್ಕೆ ಬಂದವು. ಮೂರು ಸಾವಿರ ಪ್ರತಿಗಳು ಒಂದು ತಿಂಗಳೊಳಗೆ ಖರ್ಚಾದವು. ಓದು ಬಲ್ಲವರ ಸಂಖ್ಯೆಯೇ ವಿರಳವಾಗಿದ್ದ ಆ ಕಾಲಕ್ಕೆ ಇದೊಂದು ಅದ್ಭುತ. ಅದುವರೆಗೆ ತಮ್ಮ ದೇಶದ ಚರಿತ್ರೆಯನ್ನು ಕಣ್ಣೆತ್ತಿಯೂ ನೋಡದಿದ್ದ ಶ್ರೀಮಂತ ಗೃಹಿಣಿಯರೂ ಆ ಸಂಪುಟಗಳಿಗಾಗಿ ಮುಗಿಬಿದ್ದರೆಂದು ಕವಿ ಪುಷ್ಕಿನ್ ನೆನೆದಿದ್ದಾರೆ. ಕೊಲಂಬಸನು ಅಮೆರಿಕಾವನ್ನು ಕಂಡುಹಿಡಿದಂತೆ ಕರಮ್‌ಜಿನ್ ಪ್ರಾಚೀನ ರಷ್ಯಾವನ್ನು ಕಂಡುಹಿಡಿದರೆಂಬುದು ಅವರ ಮಾತಿನ ಸಾರಾಂಶ. ಪುಷ್ಕಿನ್ನರ ‘ಬೊರಿಸ್ ಗೊದುನೊವ್’ ನಾಟಕ ಕರಮ್‌ಜಿನ್ನರ ಸ್ಮೃತಿಗೇ ಅರ್ಪಿತವಾಗಿದೆ.

ಇಷ್ಟು ಜನ ಓದಲು ಏನು ಕಾರಣ? ಕರಮ್‌ಜಿನ್ ಭಾಷೆಯ ಸಮಸ್ಯೆಯನ್ನು ಮೊದಲೇ ಪರಿಹರಿಸಿಕೊಂಡಿದ್ದರು. ಚರ್ಚಿನ ಹಳೆಯ ಸ್ಲಾವೊನಿಕ್ ಭಾರದಿಂದ ಬಾಗಿದ್ದ ರಷ್ಯನ್ ಗದ್ಯವನ್ನು ಅವರು ವಿದ್ಯಾವಂತರು ಆಡುವ ಮಾತಿನ ಸನಿಹಕ್ಕೆ ತಂದಿದ್ದರು. ಎರಡನೆಯ ಕಾರಣ ಇನ್ನೂ ಮುಖ್ಯವಾದದ್ದು. ಸಾಮಾನ್ಯ ಓದುಗನಿಗಾಗಿ ಸರಳವಾದ ಕಥನ. ಅದರ ಹಿಂದೆ, ಗಾತ್ರದಲ್ಲಿ ಕಥನಕ್ಕೆ ಸಮಸಮನಾಗಿ ನಿಲ್ಲುವಷ್ಟು ಟಿಪ್ಪಣಿಗಳು. ಮಠಗಳ ಭಂಡಾರದಿಂದ ಹುಡುಕಿ ತೆಗೆದ ದಾಖಲೆಗಳ ಭಾಗಗಳನ್ನು ಅವರು ಅಲ್ಲಿ ಹಾಗೆಹಾಗೆಯೇ ಅಚ್ಚು ಮಾಡಿದರು. ತಮ್ಮ ಮಾತನ್ನು ಒಪ್ಪದವನಿಗೂ ಅವರು ಸಾಮಗ್ರಿಯನ್ನು ಒದಗಿಸಿದಂತಾಯಿತು.

ಆ ಟಿಪ್ಪಣಿಗಳಲ್ಲಿಯೇ ನಮ್ಮ ಕರ್ನಾಟಕ ಅಡಗಿದೆ! ತ್ರೊಯಿತ್ಸೆ ಸೆರ್ಗಿಯೆವ್ ಮಠದ ಗ್ರಂಥಾಲಯದಲ್ಲಿ ಕರಮ್‌ಜಿನ್ನರಿಗೆ ಒಂದು ಪ್ರವಾಸ ಕಥನ ದೊರೆಯಿತು. ಅದು ತ್ವೇರ್ ಪಟ್ಟಣದ ವ್ಯಾಪಾರಿ ಅಫನಾಸಿ ನಿಕಿತಿನ್ ಬರೆದ ‘ಮೂರು ಸಮುದ್ರಗಳಾಚೆಯ ಪ್ರಯಾಣ’. ಮೂರನೆಯ ಇವಾನನ ಆಳ್ವಿಕೆಯನ್ನು ಹೇಳುವ ಆರನೆಯ ಸಂಪುಟದಲ್ಲಿ ಕರಮ್‌ಜಿನ್ ಅದನ್ನು ಲೋಕಕ್ಕೆ ಪರಿಚಯಿಸಿದರು. ಭಾರತಕ್ಕೆ ಕಡಲದಾರಿ ಕಾಣಬಹುದೆಂದು ಪೋರ್ಚುಗೀಸರು ಇನ್ನೂ ಯೋಚಿಸುತ್ತಿದ್ದಾಗಲೇ ನಮ್ಮ ತ್ವೇರಿನವನೊಬ್ಬ ಅಲ್ಲಿ ವ್ಯಾಪಾರ ಮಾಡುತ್ತಿದ್ದನೆಂದು ಅವರು ಹೆಮ್ಮೆಪಟ್ಟರು.

ನಿಕಿತಿನ್ ಕಥೆ ಕರುಣಾಜನಕವಾದದ್ದು. ವೋಲ್ಗಾ ನದಿಯ ಮುಖದ ಬಳಿ ತಾತಾರರು ಅವನ ಸರಕನ್ನೂ ಪುಸ್ತಕಗಳನ್ನೂ ದೋಚಿದರು. ಬರಿಗೈಯಲ್ಲಿ ಊರಿಗೆ ಮರಳಲಾರದೆ ಅವನು ಪರ್ಷಿಯಾವನ್ನು ದಾಟಿ, ಹೊರ್ಮುಜಿನಲ್ಲಿ ಹಡಗೇರಿ, ಒಂದು ಕುದುರೆಯೊಡನೆ ಚೌಲ್ ಬಂದರಿಗೆ ಬಂದಿಳಿದನು. ಜುನ್ನಾರಿನಲ್ಲಿ ಅಲ್ಲಿಯ ಅಧಿಕಾರಿ ಕುದುರೆಯನ್ನು ಕಿತ್ತುಕೊಂಡು, ಮತವನ್ನು ಬದಲಿಸಿದರೆ ಹಿಂದಿರುಗಿಸುವೆನೆಂದನು. ಆಗ ಅವನ ಪರವಾಗಿ ಮಾತಾಡಿ ಕುದುರೆಯನ್ನು ಬಿಡಿಸಿಕೊಟ್ಟವನು ಖೊರಾಸಾನಿನ ಒಬ್ಬ ಮುಸಲ್ಮಾನ. ೧೪೭೦ರ ಆಸುಪಾಸಿನಲ್ಲಿ ನಿಕಿತಿನ್ ಬೀದರಿನಲ್ಲಿದ್ದನು. ಮಹಮೂದ್ ಗವಾನ್ ಬಹಮನಿ ರಾಜ್ಯದ ಮಂತ್ರಿಯಾಗಿದ್ದ ಕಾಲವದು. ಸುಲ್ತಾನನ ಮೆರವಣಿಗೆಯ ವೈಭವವನ್ನು ಅವನು ಬಾಯಿತುಂಬ ವರ್ಣಿಸಿದ್ದಾನೆ. ಶಿವರಾತ್ರಿಗೆ ಶ್ರೀಶೈಲಕ್ಕೂ ಹೋಗಿಬಂದಿದ್ದಾನೆ. ತಾನು ಕಾಣದಿದ್ದ ವಿಜಯನಗರದ ಬೆಟ್ಟ, ಕಂದಕ, ನದಿಗಳ ಬಗ್ಗೆ ಕೇಳಿದ್ದನ್ನೂ ಬರೆದಿಟ್ಟಿದ್ದಾನೆ. ತನ್ನ ಪುಸ್ತಕಗಳು ಕಳೆದುಹೋದುದರಿಂದ ಉಪವಾಸದ ದಿನ ಯಾವುದು, ಈಸ್ಟರ್ ಹಬ್ಬ ಯಾವಾಗ ಎಂದು ತಿಳಿಯದೆ ಕೊರಗಿದ್ದಾನೆ. ಊರು ತಲಪುವ ಮೊದಲೇ, ಸ್ಮೊಲೆನ್ಸ್ಕ್ ಪಟ್ಟಣದ ಈಚೆಗೆ, ದಾರಿಯಲ್ಲಿ ತೀರಿಕೊಂಡನು.

ಆ ಸಾಮಾನ್ಯ ವ್ಯಾಪಾರಿ ಬೀದರನ್ನು ಕಂಡು ಬರೆದ ಒಂದು ಸಂಗತಿಯನ್ನು ಓದಿದಾಗ ನಾನು ಪುಸ್ತಕವನ್ನು ಕೆಳಗಿಟ್ಟು ಬಹಳ ಹೊತ್ತು ಕುಳಿತಿದ್ದೆ. ಈ ದೇಶದಲ್ಲಿ ಜನ ಕಿಕ್ಕಿರಿದಿದ್ದಾರೆ, ಹಳ್ಳಿಯವರು ಕಡುಬಡವರು, ಸರದಾರರಾದರೋ ಬೆಳ್ಳಿಯ ಪಲ್ಲಕ್ಕಿಗಳಲ್ಲಿ ಸಂಚರಿಸುತ್ತಾರೆ ಎಂಬುದು ಅವನ ಮಾತಿನ ತಾತ್ಪರ್ಯ. ನಮ್ಮ ನೀರಗಂಟಿ ಕಾಕಾ ಕೇಳಿದ ಪ್ರಶ್ನೆಗೆ ಹೊರದೇಶದವನೊಬ್ಬ ಐದುನೂರು ವರ್ಷ ಮೊದಲೇ ಸಾಕ್ಷಿ ನುಡಿದಿದ್ದನು.

ಅದಾದ ಮೇಲೆ ನಾನು ಸೀವೆಲ್ಲರ ಪುಸ್ತಕವನ್ನು ಮತ್ತೊಮ್ಮೆ ಕೈಗೆತ್ತಿಕೊಂಡೆ. ಈ ಸಲ ಮುತ್ತುರತ್ನಗಳ ಪುಟಗಳನ್ನು ಬಿಟ್ಟು ಬೇರೆಯವನ್ನು ಓದಿದೆ. ಇಂದಿನ ಹೊಸಪೇಟೆಯಾಗಿರುವ ಹೊಸ ಪಟ್ಟಣದ ಬಳಿ ಕೃಷ್ಣದೇವರಾಯ ದೊಡ್ಡ ಕೆರೆಯೊಂದನ್ನು ಕಟ್ಟಿಸುತ್ತಿದ್ದಾಗ ಪಾಯೆಸ್ ಅದನ್ನು ಪ್ರತ್ಯಕ್ಷ ಕಂಡಿದ್ದನು. ಹದಿನೈದು ಇಪ್ಪತ್ತು ಸಾವಿರ ಜನ ಅಲ್ಲಿ ದುಡಿಯುತ್ತಿದ್ದರು. ಇರುವೆಗಳಂತೆ ಕವಿದಿದ್ದ ಅವರ ನಡುವೆ ನೆಲವೇ ಕಾಣುತ್ತಿರಲಿಲ್ಲ ಎಂದು ಬರೆದಿದ್ದಾನೆ. ಕೆರೆ ಎರಡು ಮೂರು ಸಲ ಒಡೆಯಿತು. ದೇವರು ಬಲಿ ಬಯಸುತ್ತಾನೆಂದು ಹೇಳಿದ ಮೇಲೆ ಅರವತ್ತು ಜನರ ತಲೆಗಳನ್ನು ಕಡಿಸಲಾಯಿತು ಎಂದೂ ಹೇಳಿದ್ದಾನೆ. ಬಲಿಯಾದವರು ಮರಣಕ್ಕೆ ಅರ್ಹರಾದ ಸೆರೆಯಾಳುಗಳೆಂದು ನೂನಿಜ್ ಸೇರಿಸುತ್ತಾನೆ. ರೈತರು ಬೆಳೆದ ಹತ್ತು ಭಾಗಗಳಲ್ಲಿ ಒಂಬತ್ತನ್ನು ತಮ್ಮ ಒಡೆಯರಿಗೆ ಒಪ್ಪಿಸಬೇಕಾಗಿತ್ತೆಂದು ಅವನೇ ಹೇಳುತ್ತಾನೆ. ಈ ಲೆಕ್ಕ ಅತಿಯಾಯಿತೆಂದು ವಿದ್ವಾಂಸರು ವಾದಿಸಬಹುದು; ಆದರೆ ಜನ ಕಷ್ಟದಲ್ಲಿದ್ದರೆಂಬುದನ್ನು ಅಲ್ಲಗಳೆಯುವುದು ಸುಲಭವಲ್ಲ.

ಮಿತ್ರರೇ, ಇವೆಲ್ಲ ಅದೇ ಪುಸ್ತಕದಲ್ಲಿದ್ದವು. ನನ್ನ ಭಾಷಣಕ್ಕೆ ಮುತ್ತುಗಳನ್ನು ಆರಿಸಿಕೊಂಡ ಆ ಕೈಯೇ ಇವನ್ನು ಬಿಟ್ಟಿತ್ತು. ತಪ್ಪು ಸೀವೆಲ್ಲರದಲ್ಲ, ನನ್ನದು. ನಾನು ಸುಳ್ಳು ಹೇಳಿರಲಿಲ್ಲ. ಆದರೆ ಇರುವೆಗಳಂತೆ ದುಡಿದವರನ್ನು ಆ ವೇದಿಕೆಯ ಮೇಲೆ ಎರಡನೆಯ ಸಲ ಮಣ್ಣಿನಲ್ಲಿ ಹೂತಿದ್ದೆ. ಅವರು ತೋಡಿದ ಕಾಲುವೆಗಳಲ್ಲಿ ಇಂದಿಗೂ ತುಂಗಭದ್ರೆಯ ನೀರು ಹರಿಯುತ್ತಿದೆ. ಹೊಸಪೇಟೆ ಕಂಪ್ಲಿಗಳ ಬತ್ತ, ಬಾಳೆ, ಕಬ್ಬುಗಳು ಅದರಲ್ಲಿ ಬೆಳೆಯುತ್ತಿವೆ. ಅರಮನೆಗಳು ಅಡಿಪಾಯವಾಗಿ ಉಳಿದವು. ಕಾಲುವೆಗಳು ಮಾತ್ರ ಕೆಲಸ ಮಾಡುತ್ತಲೇ ಇವೆ.

ಹಾಗೆಂದು ಸೀವೆಲ್ ದೋಷರಹಿತರೆಂದು ನಾನು ಹೇಳಲಾರೆ. ವಿಜಯನಗರವು ಮುಸಲ್ಮಾನರ ಆಕ್ರಮಣವನ್ನು ಎರಡೂವರೆ ಶತಮಾನ ತಡೆದು ನಿಲ್ಲಿಸಿದ ಗೋಡೆ ಎಂಬ ಒಂದೇ ರೇಖೆಯ ಚಿತ್ರವನ್ನು ಜನಪ್ರಿಯಗೊಳಿಸಿದ್ದು ಅವರ ಪುಸ್ತಕವೇ. ಜನಪ್ರಿಯ ಚರಿತ್ರೆಯ ಅಪಾಯವಿರುವುದು ಇಲ್ಲಿ: ನೆನಪಿನಲ್ಲಿಡಲು ಸುಲಭವಾದದ್ದು ಸತ್ಯದ ಸ್ಥಾನದಲ್ಲಿ ಕೂತುಬಿಡುತ್ತದೆ. ಹಂಪೆಯ ಕಲ್ಲುಗಳು ಬೇರೆ ಮಾತನ್ನೂ ಹೇಳುತ್ತವೆ. ಸಂಗಮ ವಂಶದ ಅರಸರು ‘ಹಿಂದೂರಾಯ ಸುರತ್ರಾಣ’ ಎಂದು, ಅಂದರೆ ಹಿಂದೂ ಅರಸರಲ್ಲಿ ಸುಲ್ತಾನನೆಂದು, ತಾವೇ ಬಿರುದು ಧರಿಸಿದರು. ಪ್ರೌಢದೇವರಾಯನ ಕಾಲದಲ್ಲಿ, ೧೪೩೯ರಲ್ಲಿ, ಅವನ ಸೇವೆಯಲ್ಲಿದ್ದ ಅಹಮದ್ ಖಾನನು ಧರ್ಮಶಾಲೆಯನ್ನು ಕಟ್ಟಿಸಿದ ಶಾಸನ ಹಂಪೆಯಲ್ಲಿಯೇ ಇದೆ. ೧೫೬೫ರಲ್ಲಿ ಸುಲ್ತಾನರ ಎದುರು ಮಡಿದ ರಾಮರಾಯ, ಅದಕ್ಕೆ ಮೊದಲು ಅದೇ ಸುಲ್ತಾನರೊಡನೆ ಒಮ್ಮೆ ಇವರ ಪಕ್ಷ, ಒಮ್ಮೆ ಅವರ ಪಕ್ಷ ಹಿಡಿದು ಯುದ್ಧ ಮಾಡಿದ್ದನು. ನಮ್ಮ ಕಂಪಿಲರಾಯನನ್ನೇ ನೋಡೋಣ. ದಿಲ್ಲಿಯ ತುಘಲಕ್ ಸುಲ್ತಾನನ ವಿರುದ್ಧ ಬಂಡೆದ್ದು ಓಡಿಬಂದ ಬಹಾವುದ್ದೀನನಿಗೆ ಆಶ್ರಯವಿತ್ತದ್ದಕ್ಕಾಗಿ ಅವನು ರಾಜ್ಯವನ್ನೂ ಪ್ರಾಣವನ್ನೂ ತೆತ್ತನೆಂದು ಇಬ್ನ್ ಬತೂತ ಬರೆದಿದ್ದಾನೆ. ಅದು ೧೩೨೭ರ ಸುಮಾರಿನ ಮಾತು. ಶರಣು ಬಂದವನು ಯಾವ ಮತದವನೆಂದು ಆ ರಾಯ ಕೇಳಲಿಲ್ಲ.

ಆದರೂ ಸೀವೆಲ್ಲರಿಗೆ ನಾವು ಋಣಿಗಳು. ಪಾಯೆಸ್ ನೂನಿಜರನ್ನು ಸಂಕ್ಷೇಪಿಸದೆ ನಮ್ಮ ಕೈಗಿತ್ತುದರಿಂದಲೇ ಅವರ ತೀರ್ಮಾನವನ್ನು ಅವರ ಪುಸ್ತಕದಿಂದಲೇ ತಿದ್ದಲು ಸಾಧ್ಯವಾಯಿತು. ಆಲೂರು ವೆಂಕಟರಾಯರು ೧೯೧೭ರಲ್ಲಿ ‘ಕರ್ನಾಟಕ ಗತವೈಭವ’ವನ್ನು ಬರೆದು, ಹರಿದು ಹಂಚಿಹೋಗಿದ್ದ ಕನ್ನಡಿಗರಿಗೆ ತಾವು ಯಾರೆಂಬುದನ್ನು ಕನ್ನಡದಲ್ಲಿಯೇ ನೆನಪಿಸಿದರು. ೧೯೩೬ರಲ್ಲಿ ಹಂಪೆಯಲ್ಲಿ ವಿಜಯನಗರದ ಆರುನೂರನೆಯ ವರ್ಷದ ಉತ್ಸವ ನಡೆಯಿತು. ಅದಕ್ಕೆ ಎರಡು ವರ್ಷ ಮೊದಲು ಬಿ. ಎ. ಸಾಲೆತೊರೆಯವರು ವಿಜಯನಗರದ ಸಾಮಾಜಿಕ ಜೀವನವನ್ನು ಕುರಿತು ದೊಡ್ಡ ಗ್ರಂಥವನ್ನು ಪ್ರಕಟಿಸಿದ್ದರು. ಎಂ. ಚಿದಾನಂದಮೂರ್ತಿಯವರು ೧೯೬೬ರಲ್ಲಿ ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನವನ್ನು ಹೊರತಂದು, ಅರಸರ ವಂಶಾವಳಿಯ ಆಚೆಗೂ ಶಾಸನಗಳು ಮಾತಾಡುತ್ತವೆಂದು ತೋರಿಸಿದರು. ದೃಷ್ಟಿ ಸಿಂಹಾಸನದಿಂದ ನೆಲದ ಕಡೆಗೆ ಮೆಲ್ಲಮೆಲ್ಲನೆ ಇಳಿಯಿತು.

ರಷ್ಯಾದಲ್ಲಿಯೂ ಇದೇ ನಡೆದಿತ್ತು. ಕರಮ್‌ಜಿನ್ ಬರೆದದ್ದು ರಾಜ್ಯದ ಇತಿಹಾಸ ತಾನೆ, ಜನರದೆಲ್ಲಿ ಎಂದು ಕೇಳಿ ನಿಕೊಲಾಯ್ ಪೊಲೆವೊಯ್ ಎಂಬವರು ೧೮೨೯ರಲ್ಲಿ ‘ರಷ್ಯನ್ ಜನತೆಯ ಇತಿಹಾಸ’ವನ್ನು ಬರೆಯಲಾರಂಭಿಸಿದರು. ಮುಂದೆ ಬಡ ಪಾದ್ರಿಯ ಮಗನಾದ ವಸೀಲಿ ಕ್ಲ್ಯುಚೆವ್‌ಸ್ಕಿ ಮಾಸ್ಕೊ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳಿದರು. ಪೀಟರ್ ಚಕ್ರವರ್ತಿಯ ಸಾಮ್ರಾಜ್ಯವನ್ನು ಅದರ ತೆರಿಗೆ ತೆತ್ತ, ಜೀತಕ್ಕೆ ಸಿಕ್ಕ ರೈತರ ಲೆಕ್ಕದಲ್ಲಿ ಅವರು ವಿವರಿಸುವಾಗ ಸಭಾಂಗಣ ತುಂಬಿ ತುಳುಕುತ್ತಿತ್ತು. ಅವರಿಗೆ ಮಾತು ತೊದಲುತ್ತಿತ್ತು. ಆ ತಡೆಯನ್ನೇ ಅವರು ಮಾತಿನ ಸೊಗಸಾಗಿ ಮಾರ್ಪಡಿಸಿಕೊಂಡಿದ್ದರಂತೆ.

ಕರಮ್‌ಜಿನ್ನರ ಒಂದು ಧೈರ್ಯವನ್ನು ಮಾತ್ರ ಮರೆಯಬಾರದು. ಅವರು ರಾಜಪ್ರಭುತ್ವದ ನಿಷ್ಠಾವಂತ ಸಮರ್ಥಕರು, ಚಕ್ರವರ್ತಿಯ ಅನ್ನ ತಿಂದವರು. ಆದರೂ ೧೮೨೧ರಲ್ಲಿ ಪ್ರಕಟವಾದ ಒಂಬತ್ತನೆಯ ಸಂಪುಟದಲ್ಲಿ ನಾಲ್ಕನೆಯ ಇವಾನನ ಕ್ರೌರ್ಯಗಳನ್ನು ಒಂದನ್ನೂ ಮುಚ್ಚದೆ ಬರೆದರು. ಪ್ರೀತಿಸುವ ಮನೆತನದ ಕಲೆಯನ್ನೂ ತೋರಿಸಬಲ್ಲವನ ಹೊಗಳಿಕೆಗೆ ಮಾತ್ರ ಬೆಲೆಯಿರುತ್ತದೆ.

ಇವರೆಲ್ಲರಿಂದ ನಾನು ಕಲಿತದ್ದು ಮೂರು ಮಾತು. ಚರಿತ್ರೆಯನ್ನು ಜನರ ನುಡಿಯಲ್ಲಿ ಹೇಳಬೇಕು. ಹೇಳಿದ್ದಕ್ಕೆ ಆಧಾರವನ್ನು ಜನರ ಕೈಗೇ ಕೊಡಬೇಕು, ಅವರು ನಮ್ಮನ್ನು ತಿದ್ದಲಿ. ಕೇಳಲು ಇಂಪಾದದ್ದನ್ನು ಹೇಳುವ ನಾಲಗೆಯೇ ಕಹಿಯಾದದ್ದನ್ನೂ ಹೇಳಬೇಕು. ಮೊದಲನೆಯದನ್ನು ನಮ್ಮ ಬುರ್ರಕಥೆಯ ತಾಯಂದಿರು ಯಾವ ವಿಶ್ವವಿದ್ಯಾಲಯದ ನೆರವೂ ಇಲ್ಲದೆ ಮಾಡಿದರು. ಉಳಿದೆರಡು ಓದಿದವರಾದ ನಮ್ಮ ಹೊಣೆ.

ಕೆಲವು ವರ್ಷಗಳ ಹಿಂದೆ ಊರಿನಲ್ಲಿ ಮತ್ತೊಮ್ಮೆ ಮಾತಾಡುವ ಅವಕಾಶ ಬಂತು. ನಾನು ಮುತ್ತುರತ್ನಗಳಿಂದ ಆರಂಭಿಸಲಿಲ್ಲ. ಪಾಯೆಸ್ ಕಂಡ ಆ ಕೆರೆಯ ಏರಿಯಿಂದ, ಅಲ್ಲಿ ಮಣ್ಣು ಹೊತ್ತ ಸಾವಿರಾರು ಜನರಿಂದ ಆರಂಭಿಸಿದೆ. ಅವರಲ್ಲಿ ಒಬ್ಬರ ಹೆಸರೂ ನಮಗೆ ತಿಳಿಯದೆಂಬುದನ್ನೂ ಹೇಳಿದೆ. ಸಭೆ ನಿಶ್ಶಬ್ದವಾಗಿತ್ತು. ನನ್ನ ಕಣ್ಣು ಜನರ ನಡುವೆ ಆ ನೀರಗಂಟಿ ಕಾಕಾನನ್ನು ಹುಡುಕುತ್ತಿತ್ತು. ಅವರು ತೀರಿಕೊಂಡು ಬಹಳ ವರ್ಷಗಳಾಗಿದ್ದವು. ಅವರ ಪ್ರಶ್ನೆಗೆ ನಾನು ಕೊಟ್ಟ ಉತ್ತರ ಅವರ ಕಿವಿಗೆ ಬೀಳಲಿಲ್ಲ. ತಮ್ಮ ಕಿವಿಗಾದರೂ ಬೀಳಲೆಂದು ಇಷ್ಟನ್ನು ಹೇಳಿದ್ದೇನೆ.



(ಬಾನುಲಿ ಭಾಷಣ)